ಜಪಾನಿನ ಟಿವಿಯಲ್ಲಿ ಮಲತಾಯಿ ಹೇಗೆ ಬದಲಾದಳು, ಎಲ್ಲಿ ಬದಲಾಗಲಿಲ್ಲ

ಆಫೀಸಿನ ಸೂಟು ಹಾಕಿದ ಒಬ್ಬ ಹೆಂಗಸು. ಎದುರಿಗೆ ಎಂಟು ವರ್ಷದ ಒಬ್ಬ ಹುಡುಗಿ. ಹೆಂಗಸು ಸೊಂಟ ಬಗ್ಗಿಸಿ, ಎರಡೂ ಕೈಯಲ್ಲಿ ಹಿಡಿದು, ತನ್ನ ವಿಸಿಟಿಂಗ್ ಕಾರ್ಡ್ ಅನ್ನು ಆ ಮಗುವಿಗೆ ಕೊಡುತ್ತಾಳೆ. ದೊಡ್ಡ ಕಂಪನಿಯ ಗ್ರಾಹಕರಿಗೆ ಹೇಗೆ ಕೊಡುತ್ತಾಳೋ ಹಾಗೇ. ಆಮೇಲೆ ತನ್ನ ವಿದ್ಯಾಭ್ಯಾಸ, ಅನುಭವ ಎಲ್ಲ ಬರೆದ ರೆಸ್ಯೂಮೆ ಕೂಡ ಮುಂದಿಡುತ್ತಾಳೆ. ಅವಳು ಅರ್ಜಿ ಹಾಕುತ್ತಿರುವುದು ಆ ಹುಡುಗಿಯ ಅಮ್ಮನ ಕೆಲಸಕ್ಕೆ.

ಇದು 2018ರ ಜುಲೈಯಿಂದ ಸೆಪ್ಟೆಂಬರ್‌ವರೆಗೆ ಜಪಾನಿನ ಟಿಬಿಎಸ್ ಚಾನೆಲ್‌ನಲ್ಲಿ ಬಂದ ‘ಗಿಬೊ ತೊ ಮುಸುಮೆ ನೊ ಬ್ಲೂಸ್’ ಡ್ರಾಮಾ. ಹೆಸರಿನ ಅರ್ಥ ‘ಮಲತಾಯಿ ಮತ್ತು ಮಗಳ ಬ್ಲೂಸ್’. ಮಲತಾಯಿ ಅಕಿಕೊ ಪಾತ್ರದಲ್ಲಿ ಹರುಕಾ ಅಯಾಸೆ. ರಿನ್ ಸಕುರಝಾವಾ ಅವರ ನಾಲ್ಕು ಚೌಕದ ಕಾಮಿಕ್ಸ್ ಇದಕ್ಕೆ ಆಧಾರ, ಚಿತ್ರಕಥೆ ಯೋಶಿಕೊ ಮೊರಿಶಿತಾ ಅವರದ್ದು. ಜನ ಎಷ್ಟು ಹಚ್ಚಿಕೊಂಡರೆಂದರೆ 2020, 2022, 2024ರ ಹೊಸ ವರ್ಷಕ್ಕೆ ಮತ್ತೆ ಮೂರು ವಿಶೇಷ ಕಂತುಗಳು ಬಂದವು.

ನಾನು ಆ ಕಾರ್ಡ್ ಕೊಡುವ ದೃಶ್ಯ ನೋಡಿ ಮೊದಲು ನಕ್ಕೆ. ಆಮೇಲೆ ಬಹಳ ಹೊತ್ತು ಅದೇ ತಲೆಯಲ್ಲಿ ಉಳಿಯಿತು. ಮಲತಾಯಿ ಮಗುವಿನ ಹತ್ತಿರ ಅನುಮತಿ ಕೇಳುವುದನ್ನು ನಾವು ಎಷ್ಟು ಕಥೆಯಲ್ಲಿ ನೋಡಿದ್ದೇವೆ? ನಮ್ಮ ಪೇಪರಿನಲ್ಲಿ ಯಾವುದಾದರೂ ಸರ್ಕಾರ ಅನ್ಯಾಯ ಮಾಡಿದರೆ ‘ಮಲತಾಯಿ ಧೋರಣೆ’ ಅಂತ ಇವತ್ತಿಗೂ ಬರೆಯುತ್ತಾರೆ. ಆ ಮಾತಿನಲ್ಲಿ ಮಲತಾಯಿ ಅಂದರೆ ಭೇದ ಮಾಡುವವಳು, ಅಷ್ಟೇ. ಜಪಾನಿನಲ್ಲೂ ನೂರಾರು ವರ್ಷ ಕಥೆ ಹೀಗೇ ಇತ್ತು. ಹಾಗಿದ್ದರೆ ಅಲ್ಲಿನ ಟಿವಿ ಈ ಹೆಂಗಸಿನ ಕೈಗೆ ವಿಸಿಟಿಂಗ್ ಕಾರ್ಡ್ ಕೊಟ್ಟದ್ದು ಹೇಗೆ?

ಮೊದಲು ಹಳೆಯ ಕಥೆ ನೋಡೋಣ. ಜಪಾನಿ ಸಾಹಿತ್ಯದಲ್ಲಿ ‘ಮಮಕೊ ಇಜಿಮೆ’ ಅಂತ ಒಂದು ಬಗೆಯೇ ಇದೆ. ಮಲಮಗುವನ್ನು ಪೀಡಿಸುವ ಕಥೆಗಳು ಅಂತ ಅರ್ಥ. ಹತ್ತನೇ ಶತಮಾನದ ಕೊನೆಯ ‘ಒಚಿಕುಬೊ ಮೊನೊಗತಾರಿ’ ಇದರಲ್ಲಿ ಪ್ರಸಿದ್ಧ. ಅದರಲ್ಲಿ ಮಲತಾಯಿ ಹುಡುಗಿಯನ್ನು ನೆಲ ತಗ್ಗಾದ ಒಂದು ಕೋಣೆಗೆ ತಳ್ಳಿ, ಮನೆಮಂದಿಯ ಬಟ್ಟೆಯೆಲ್ಲ ಅವಳ ಕೈಯಲ್ಲೇ ಹೊಲಿಸುತ್ತಾಳೆ. ಹುಡುಗಿಯ ಹೆಸರೂ ಆ ತಗ್ಗು ಕೋಣೆಯ ಹೆಸರೇ. ಚೂಜೊ-ಹಿಮೆ ಎಂಬ ದೊಡ್ಡ ಕುಲೀನ ಮನೆತನದ ಹುಡುಗಿಯ ಐತಿಹ್ಯವೂ ಇದೆ. ಮಲತಾಯಿಯ ಕಾಟದಿಂದ ಪಾರಾಗಿ ನಾರಾ ಸೀಮೆಯ ತೈಮಾ ದೇವಸ್ಥಾನ ಸೇರಿ, ತಾವರೆ ದಂಟಿನ ನೂಲಿನಿಂದ ಮಂಡಲ ಅನ್ನುವ ಬೌದ್ಧ ಚಿತ್ರಪಟ ನೇಯ್ದಳು ಅನ್ನುತ್ತಾರೆ. ಗೊಂಬೆಯಾಟದಲ್ಲಿ, ಕಬುಕಿ ನಾಟಕದಲ್ಲಿ ಅವಳನ್ನು ಹಿಮದಲ್ಲಿ ಕೂರಿಸಿ ಹಿಂಸಿಸುವ ದೃಶ್ಯಕ್ಕೆ ಜನ ಕಣ್ಣೀರು ಹಾಕುತ್ತಿದ್ದರು. ಹಳ್ಳಿಯ ಅಜ್ಜಿ ಕಥೆಗಳಲ್ಲಿ ಇನ್ನೂ ಸರಳವಾಗಿದೆ. ಇಬ್ಬರು ಹುಡುಗಿಯರನ್ನು ಕಾಡಿಗೆ ಚೆಸ್ಟ್‌ನಟ್ ಕಾಯಿ ಆರಿಸಲು ಕಳಿಸುತ್ತಾಳೆ. ಸ್ವಂತ ಮಗಳಿಗೆ ಒಳ್ಳೆಯ ಚೀಲ, ಮಲಮಗಳಿಗೆ ತೂತು ಬಿದ್ದ ಚೀಲ.

‘ಹಚಿಕಾಝುಕಿ’ ಅನ್ನುವ ಇನ್ನೊಂದು ಕಥೆಯನ್ನು ಇಲ್ಲಿ ಹೇಳಲೇಬೇಕು, ಕೊನೆಯಲ್ಲಿ ಅದು ಮತ್ತೆ ಬೇಕಾಗುತ್ತದೆ. ಸಾಯುವ ತಾಯಿ ಮಗಳ ತಲೆಯ ಮೇಲೆ ಒಂದು ಬೋಗುಣಿ ಕವುಚುತ್ತಾಳೆ. ಅದು ತೆಗೆದರೂ ಬರುವುದಿಲ್ಲ. ಮಲತಾಯಿ ಅವಳನ್ನು ಮನೆಯಿಂದ ಓಡಿಸುತ್ತಾಳೆ, ಊರೆಲ್ಲ ನಗುತ್ತದೆ. ಕೊನೆಗೊಂದು ದಿನ ಬೋಗುಣಿ ತಾನಾಗಿ ಕಳಚಿ ಬಿದ್ದು, ಒಳಗಿಂದ ಚಿನ್ನ, ಬೆಳ್ಳಿ, ರೇಷ್ಮೆ ಬಟ್ಟೆ ಸುರಿಯುತ್ತದೆ. ಸತ್ತ ತಾಯಿ ಅಲ್ಲಿಂದಲೇ ಮಗಳನ್ನು ಕಾಯುತ್ತಾಳೆ. ಬಹಳ ಮಲತಾಯಿ ಕಥೆಗಳ ಒಳಗಿನ ಲೆಕ್ಕ ಇದು: ಸತ್ತವಳು ಒಳ್ಳೆಯವಳು, ಬಂದವಳು ಕೆಟ್ಟವಳು, ನಡುವೆ ಮಗು.

ಈಗ ಒಂದು ಪದದ ವಿಷಯ. ಮಲತಾಯಿಗೆ ಜಪಾನಿಯಲ್ಲಿ ಹಳೆಯ ಮಾತು ‘ಮಮಹಹ’. ಅದನ್ನು ಕೇಳಿದರೆ ಸಾಕು, ಈ ಅಜ್ಜಿ ಕಥೆಗಳೆಲ್ಲ ನೆನಪಾಗುತ್ತವೆ. 2018ರ ಡ್ರಾಮಾ ಆರಿಸಿಕೊಂಡದ್ದು ‘ಗಿಬೊ’ ಅನ್ನುವ ಪದ. ಇದು ಅತ್ತೆಗೂ ಬಳಸುವ ಮಾತು, ಮಲತಾಯಿಗೂ ಬಳಸುವ ಮಾತು. ‘ಬೊ’ ಅಂದರೆ ತಾಯಿ. ‘ಗಿ’ ಅನ್ನುವ ಅಕ್ಷರಕ್ಕೆ ಧರ್ಮ, ಕರ್ತವ್ಯ ಅನ್ನುವ ಅರ್ಥ ಇದೆ. ಆದರೆ ಕೃತಕ ಕಾಲಿಗೆ, ಕಟ್ಟಿಸಿದ ಹಲ್ಲಿಗೆ ಬರೆಯುವಾಗಲೂ ಇದೇ ಅಕ್ಷರ ಬರುತ್ತದೆ. ಕರ್ತವ್ಯದಿಂದ ಆದ ತಾಯಿ ಅಂತಲೂ ಓದಬಹುದು, ಇಲ್ಲದ್ದರ ಜಾಗಕ್ಕೆ ಇಟ್ಟ ತಾಯಿ ಅಂತಲೂ ಓದಬಹುದು. ಅಕಿಕೊಳ ಇಡೀ ಕಥೆ ಈ ಎರಡು ಅರ್ಥಗಳ ನಡುವೆ ಓಡಾಡುತ್ತದೆ.

ಕಾನೂನು ಗೊತ್ತಾದರೆ ಕಾರ್ಡ್ ಕೊಡುವ ದೃಶ್ಯ ಇನ್ನೂ ಚೆನ್ನಾಗಿ ಅರ್ಥವಾಗುತ್ತದೆ. 1898ರ ಮೇಜಿ ಕಾಲದ ಸಿವಿಲ್ ಕೋಡ್ ಪ್ರಕಾರ ಅಪ್ಪ ಮರುಮದುವೆಯಾದರೆ ಸಾಕು, ಮಲತಾಯಿ ಮತ್ತು ಮಗುವಿನ ಸಂಬಂಧ ಹೆತ್ತ ತಾಯಿ ಮಗುವಿನ ಸಂಬಂಧಕ್ಕೆ ಸಮ. ಯುದ್ಧದ ನಂತರ, 1947ರಲ್ಲಿ ಕೋಡ್ ತಿದ್ದಿದಾಗ ಇದನ್ನು ತೆಗೆದುಹಾಕಿದರು. ಅಲ್ಲಿಂದ ಇಲ್ಲಿಯವರೆಗೆ ಮಲತಾಯಿ ಕಾನೂನಿನ ಕಣ್ಣಿಗೆ ತಾಯಿಯಲ್ಲ, ಮದುವೆಯಿಂದ ಬಂದ ನೆಂಟಳು. ಮಗುವಿಗೆ ಅವಳ ಆಸ್ತಿಯಲ್ಲಿ ತಾನಾಗಿ ಪಾಲು ಬರುವುದಿಲ್ಲ. ಅಪ್ಪ ಸತ್ತರೆ ಮಗುವಿನ ಪರವಾಗಿ ನಿರ್ಧಾರ ಮಾಡುವ ಹಕ್ಕು ಅವಳಿಗೆ ತಾನಾಗಿ ಸಿಗುವುದಿಲ್ಲ, ಕೌಟುಂಬಿಕ ಕೋರ್ಟು ಪೋಷಕರನ್ನು ನೇಮಿಸಬೇಕಾಗುತ್ತದೆ. ಇದೆಲ್ಲ ಬೇಕು ಅಂದರೆ ಅವಳು ಮಗುವನ್ನು ದತ್ತು ತೆಗೆದುಕೊಳ್ಳಬೇಕು. ಗಂಡನ ಮಗುವನ್ನು ದತ್ತು ತೆಗೆದುಕೊಳ್ಳಲು ಕೋರ್ಟಿನ ಒಪ್ಪಿಗೆ ಬೇಕಾಗಿಲ್ಲ. ಆದರೂ ಅದು ಬೇರೆಯೇ ಒಂದು ಕಾಗದ, ಬೇರೆಯೇ ಒಂದು ನಿರ್ಧಾರ.

ಹೀಗಾಗಿ ಮದುವೆಯಾಗಿ ಬಂದ ಹೆಂಗಸು ಆ ಮನೆಯ ಹೆಂಡತಿ ಹೌದು, ತಾಯಿ ಅಲ್ಲ. ತಾಯಿಯ ಹುದ್ದೆಗೆ ಅವಳು ನಿಜವಾಗಿಯೂ ಅರ್ಜಿ ಹಾಕಬೇಕು. ಅಕಿಕೊ ಮಾಡಿದ್ದು ಅದನ್ನೇ.

ಇನ್ನೊಂದು ವಿಷಯ ‘ಕೊಸೆಕಿ’. ಇದು ಮನೆಮನೆಯ ಕುಟುಂಬ ದಾಖಲೆ. ಹುಟ್ಟು, ಮದುವೆ, ವಿಚ್ಛೇದನ, ದತ್ತು, ಸಾವು ಎಲ್ಲ ಇದರಲ್ಲೇ. ಹಿಂದೆ ಕಾಗದದ ಕಾಲದಲ್ಲಿ ವಿಚ್ಛೇದನವಾಗಿ ಹೊರಹೋದವರ ಹೆಸರಿನ ಮೇಲೆ ದೊಡ್ಡ ಅಡ್ಡಗೀಟು, ಅಂದರೆ ಇಂಟು ಗುರುತು ಹಾಕುತ್ತಿದ್ದರು. ಅದರಿಂದಲೇ ಒಮ್ಮೆ ವಿಚ್ಛೇದನ ಆದವರಿಗೆ ‘ಬತ್ಸು-ಇಚಿ’ ಅನ್ನುವ ಆಡುಮಾತು ಬಂತು, ‘ಒಂದು ಇಂಟು’ ಅಂತ. ಡ್ರಾಮಾಗಳಲ್ಲಿ ಈ ಮಾತು ಸಿಕ್ಕಾಪಟ್ಟೆ ಕೇಳುತ್ತದೆ.

ವಿಚ್ಛೇದನ ಆದ ಮೇಲೆ ಮಗುವಿನ ಮೇಲಿನ ಹಕ್ಕು ಅಪ್ಪ ಅಮ್ಮ ಇಬ್ಬರಲ್ಲಿ ಒಬ್ಬರಿಗೆ ಮಾತ್ರ ಇರುತ್ತಿತ್ತು. ದಶಕಗಳ ಕಾಲ ನಡೆದದ್ದು ಹೀಗೇ. ಇಬ್ಬರಿಗೂ ಹಕ್ಕು ಇರಬಹುದು ಅಂತ ಸಂಸತ್ತು ಕಾಯ್ದೆ ತಿದ್ದಿದ್ದು 2024ರ ಮೇ ತಿಂಗಳಲ್ಲಿ. ಒಬ್ಬರಿಗೇ ಹಕ್ಕು ಅಂದಾಗ ಇನ್ನೊಬ್ಬರು ಮಗುವಿನ ಜೀವನದಿಂದ ನಿಧಾನವಾಗಿ ಮರೆಯಾಗಿಬಿಡುತ್ತಾರೆ. ಹೊಸಬರು ಬಂದು ಆ ಖಾಲಿ ಜಾಗದಲ್ಲಿ ಕೂರುತ್ತಾರೆ. ಮಲಕುಟುಂಬಗಳನ್ನು ಬಹಳ ವರ್ಷ ಅಧ್ಯಯನ ಮಾಡಿದ ಸಮಾಜಶಾಸ್ತ್ರಜ್ಞ ಶಿಂಜಿ ನೊಜಾವಾ ಹೇಳುವುದು ಇದನ್ನೇ. ಹಳೆಯ ಮನೆ ಕೆಡವಿ ಅದೇ ಸೈಟಿನಲ್ಲಿ ಹೊಸ ಮನೆ ಕಟ್ಟುವ ರೀತಿ ಒಂದು. ಹಳೆಯ ಮನೆ ಹಾಗೇ ಇದ್ದು ಪಕ್ಕದಲ್ಲಿ ಇನ್ನೊಂದು ಕೋಣೆ ಸೇರಿಸುವ ರೀತಿ ಇನ್ನೊಂದು. ಜಪಾನಿನಲ್ಲಿ ಮೊದಲನೆಯದೇ ಜಾಸ್ತಿ.

ಇಲ್ಲಿಂದ ಟಿವಿಗೆ ಬರೋಣ. ಮಲತಾಯಿ ಬರುವ ಬಹಳ ಡ್ರಾಮಾಗಳಲ್ಲಿ ಒಂದು ಮಾತು ಗಮನಿಸಿ: ಮೊದಲ ತಾಯಿ ಸತ್ತಿರುತ್ತಾಳೆ.

‘ಗಿಬೊ’ದಲ್ಲಿ ಕಾರ್ಡ್ ಪಡೆದ ಆ ಹುಡುಗಿ ಮಿಯುಕಿಯ ಹೆತ್ತ ತಾಯಿ ಕಥೆ ಶುರುವಾಗುವ ಮೊದಲೇ ತೀರಿಕೊಂಡಿದ್ದಾಳೆ. 2011ರ ‘ಕಸೆಯಿಫು ನೊ ಮಿತಾ’ದಲ್ಲಿ, ಅಂದರೆ ‘ಮನೆಗೆಲಸದ ಮಿತಾ’ದಲ್ಲಿ, ನಾಲ್ಕು ಮಕ್ಕಳ ತಾಯಿ ಆತ್ಮಹತ್ಯೆ ಮಾಡಿಕೊಂಡಿದ್ದಾಳೆ. 2018ರ ಆರಂಭದಲ್ಲಿ ಫುಜಿ ಟಿವಿಯಲ್ಲಿ ಬಂದ ‘ತೊನಾರಿ ನೊ ಕಝೊಕು ವ ಅಓಕು ಮಿಯೆರು’ ನೋಡಿ. ಪಕ್ಕದ ಮನೆಯ ಸಂಸಾರ ಹಸಿರಾಗಿ ಕಾಣುತ್ತದೆ ಅಂತ ಹೆಸರು. ನಾಲ್ಕು ಕುಟುಂಬ ಒಂದೇ ವಠಾರದಲ್ಲಿ ವಾಸ. ಅದರಲ್ಲಿ ಒಬ್ಬಳು ಮಕ್ಕಳೇ ಬೇಡ ಅಂತ ತೀರ್ಮಾನ ಮಾಡಿದವಳು. ಅವಳ ಜೊತೆಗಾರನಿಗೆ ಮೊದಲ ಮದುವೆಯ ಮಗ ಇದ್ದಾನೆ, ಅವನು ತಾಯಿಯ ಹತ್ತಿರ ಬೆಳೆಯುತ್ತಿದ್ದಾನೆ. ಆ ತಾಯಿ ಸಾಯುತ್ತಾಳೆ, ಹುಡುಗ ಇವರ ಮನೆಗೆ ಬರುತ್ತಾನೆ. ಮಕ್ಕಳು ಬೇಡ ಅಂದವಳು ಒಂದು ದಿನದಲ್ಲಿ ಮಲತಾಯಿ.

ಯಾಕೆ ಹೀಗೆ? ಮೊದಲ ಹೆಂಡತಿ ಬದುಕಿದ್ದರೆ ಅವಳನ್ನು ಎಲ್ಲಿ ಕೂರಿಸುವುದು ಅಂತ ಕಥೆಗಾರರಿಗೂ ಗೊತ್ತಿಲ್ಲ, ನೋಡುವವರಿಗೂ ಗೊತ್ತಿಲ್ಲ. ತಾಯಿಗೆ ಇರುವುದು ಒಂದೇ ಕುರ್ಚಿ ಅಂತ ಅಂದುಕೊಂಡ ಮೇಲೆ, ಇಬ್ಬರು ಒಳ್ಳೆಯ ಹೆಂಗಸರು ಅದರಲ್ಲಿ ಕೂರಲು ಆಗುವುದಿಲ್ಲ. ಒಬ್ಬಳು ಕೆಟ್ಟವಳಾಗಬೇಕು, ಇಲ್ಲ ಸಾಯಬೇಕು. ಹಳೆಯ ಕಥೆಗಳಲ್ಲಿ ಮೊದಲನೆಯವಳು ಸತ್ತು, ಎರಡನೆಯವಳು ಕೆಟ್ಟವಳಾಗುತ್ತಿದ್ದಳು. ಹೊಸ ಡ್ರಾಮಾದಲ್ಲಿ ಎರಡನೆಯವಳು ಒಳ್ಳೆಯವಳಾದಳು. ಆದರೆ ಮೊದಲನೆಯವಳ ಸಾವು ತಪ್ಪಲಿಲ್ಲ.

ಇದು ನಿಜ ಜೀವನಕ್ಕೆ ತೀರಾ ದೂರ. ಜಪಾನಿನಲ್ಲಿ ನಡೆಯುವ ಮದುವೆಗಳಲ್ಲಿ ಸುಮಾರು ಕಾಲು ಭಾಗ ಒಬ್ಬರದ್ದಾದರೂ ಮರುಮದುವೆ. ವಿಚ್ಛೇದನದ ನಂತರ ನೂರಕ್ಕೆ 80ಕ್ಕೂ ಹೆಚ್ಚು ಕಡೆ ಮಕ್ಕಳು ಅಮ್ಮನ ಹತ್ತಿರ ಉಳಿಯುತ್ತಾರೆ. 1960ರ ದಶಕದ ಮಧ್ಯದವರೆಗೆ ಅಪ್ಪನ ಕಡೆಯೇ ಹೆಚ್ಚಿತ್ತು, ಆಮೇಲೆ ತಿರುಗಿತು. ಅಂದರೆ ಇವತ್ತು ಮಕ್ಕಳ ಮನೆಗೆ ಹೊಸದಾಗಿ ಬರುವವರಲ್ಲಿ ಜಾಸ್ತಿ ಇರುವುದು ಮಲತಂದೆ. ಆದರೂ ಕಣ್ಣೀರಿನ ಕಥೆ, ಹೊಸ ವರ್ಷದ ವಿಶೇಷ ಕಂತು ಎಲ್ಲ ಮಲತಾಯಿಗೆ. ಮಲತಂದೆಗೆ, ಅಥವಾ ಅಮ್ಮನ ಹೊಸ ಗೆಳೆಯನಿಗೆ, ಬಹಳ ಸಲ ಸಿಗುವುದು ಹೊಡೆಯುವವನ ಪಾತ್ರ. 2010ರ ‘ಮದರ್’ ನೋಡಿದವರಿಗೆ ಇದು ಗೊತ್ತು. ಏಳು ವರ್ಷದ ಹುಡುಗಿಯನ್ನು ಅವಳ ಅಮ್ಮನ ಜೊತೆಗಾರ ಹಿಂಸಿಸುತ್ತಾನೆ, ಶಾಲೆಯ ಟೀಚರ್ ಒಬ್ಬಳು ಆ ಮಗುವನ್ನು ಕದ್ದುಕೊಂಡು ಹೋಗಿ ತಾಯಿಯಾಗುತ್ತಾಳೆ. ಟರ್ಕಿ, ಕೊರಿಯಾದವರೂ ಇದನ್ನು ತಮ್ಮ ಭಾಷೆಗೆ ತಂದರು. ನನಗನ್ನಿಸುವುದು, ಮಲತಾಯಿಯ ಹೆಗಲಿನಿಂದ ಇಳಿದ ಖಳನ ಹೊರೆ ಮಾಯವಾಗಲಿಲ್ಲ, ಬೇರೆಯವರ ಹೆಗಲಿಗೆ ಹೋಯಿತು. ಒಳ್ಳೆಯ ಮಲತಂದೆಯರು ಎಷ್ಟೋ ಜನ ಇರುವಾಗ ಇದೂ ಒಂದು ಅನ್ಯಾಯವೇ ಅಲ್ವಾ?

ಮಲತಾಯಿಯ ಬದಲಾವಣೆ ಒಂದೇ ಸಲಕ್ಕೆ ಆದದ್ದಲ್ಲ. 1983ರ ‘ಓಶಿನ್’ ಒಂದು ಮಟ್ಟಿಗೆ ದಾರಿ ಮಾಡಿಕೊಟ್ಟಿತು. ಒಂದು ಹಂತದಲ್ಲಿ 62.9 ಪರ್ಸೆಂಟ್ ರೇಟಿಂಗ್ ಪಡೆದ, ಜಪಾನಿನ ಸಾರ್ವಜನಿಕ ಚಾನೆಲ್ ಎನ್‌ಎಚ್‌ಕೆಯ ಧಾರಾವಾಹಿ ಅದು. ಓಶಿನ್ ಹೆತ್ತ ಮಕ್ಕಳ ಜೊತೆಗೇ ತನ್ನ ಒಡತಿಯ ಅನಾಥ ಮಗನನ್ನೂ, ಮಾರಾಟವಾಗಬೇಕಿದ್ದ ಒಬ್ಬ ಬಡ ಹುಡುಗಿಯನ್ನೂ ಸಾಕುತ್ತಾಳೆ. ‘ಹೆತ್ತವರಿಗಿಂತ ಸಾಕಿದವರು’ ಅಂತ ಜಪಾನಿಯಲ್ಲಿ ಗಾದೆಯೇ ಇದೆ, ಓಶಿನ್ ಆ ಗಾದೆಯ ಹಾಗೇ ಬದುಕುತ್ತಾಳೆ. 1989ರಲ್ಲಿ, ದುಡ್ಡು ಹರಿದಾಡುತ್ತಿದ್ದ ಕಾಲದಲ್ಲಿ, ‘ಮಮಹಹ ಬೂಗಿ’ ಬಂತು. ಯೂಕೊ ಅಸಾನೊ ಅದರಲ್ಲಿ ಬೆಳೆದ ಮಕ್ಕಳ ಮನೆಗೆ ಬರುವ ಚಿಕ್ಕ ವಯಸ್ಸಿನ ಮಲತಾಯಿ. ಭಯ ಹುಟ್ಟಿಸುತ್ತಿದ್ದ ಆ ಹಳೆಯ ಪದವನ್ನೇ ತಮಾಷೆಯ ಹೆಸರಾಗಿ ಇಟ್ಟರು.

ಡ್ರಾಮಾದ ಅಳತೆಯೂ ಸಹಾಯ ಮಾಡಿತು. ಜಪಾನಿನ ಸಂಜೆಯ ಡ್ರಾಮಾ ಮೂರು ತಿಂಗಳು, ವಾರಕ್ಕೊಂದು, ಹತ್ತು ಹನ್ನೊಂದು ಕಂತು, ಮುಗಿಯಿತು. ನಮ್ಮ ಹಾಗೆ ಸಾವಿರ ಕಂತು ಎಳೆಯುವ ಅವಸ್ಥೆ ಇಲ್ಲ. ಸಾವಿರ ಕಂತಿಗೆ ದಿನಾ ವಿಷ ಹಾಕುವವರು ಒಬ್ಬರು ಬೇಕು. ಹತ್ತು ಕಂತಿಗೆ ಇಬ್ಬರು ಹತ್ತಿರ ಬರುವುದೇ ಸಾಕು.

ಆ ಹತ್ತಿರ ಬರುವುದನ್ನು ಈ ಡ್ರಾಮಾಗಳು ತೋರಿಸುವುದು ಸಣ್ಣ ಸಣ್ಣ ವಸ್ತುಗಳಲ್ಲಿ. ಜಪಾನಿನ ಬಹಳ ಮನೆಗಳಲ್ಲಿ ‘ಬುತ್ಸುದಾನ್’ ಅಂತ ಮರದ ಸಣ್ಣ ಮಂಟಪ ಇರುತ್ತದೆ. ಅದರ ಹತ್ತಿರ ತೀರಿಕೊಂಡವರ ಫೋಟೊ ಇಟ್ಟು, ದಿನಾ ಅನ್ನ ನೀರು ಇಟ್ಟು, ಸಣ್ಣ ಗಂಟೆ ಬಾರಿಸಿ, ಊದುಬತ್ತಿ ಹಚ್ಚಿ ಕೈಮುಗಿಯುತ್ತಾರೆ. ಹೊಸ ಹೆಂಡತಿ ಮೊದಲ ಹೆಂಡತಿಯ ಫೋಟೊ ಮುಂದೆ ಮಂಡಿಯೂರಿ ಕೂತು ಏನು ಹೇಳುತ್ತಾಳೆ? ಮಗು ಬಾಗಿಲ ಸಂದಿಯಲ್ಲಿ ನಿಂತು ನೋಡುತ್ತಿರುತ್ತದೆಯಾ? ಕ್ಯಾಮೆರಾ ಇಂಥ ಕಡೆ ಬಹಳ ಹೊತ್ತು ನಿಲ್ಲುತ್ತದೆ. ಮಾತು ಕಡಿಮೆ. ಇನ್ನೊಂದು ಬೆಂತೊ, ಅಂದರೆ ಬುತ್ತಿ. ಶಾಲೆಯ ಕ್ರೀಡಾದಿನಕ್ಕೆ ಅಮ್ಮ ಕಟ್ಟುವ ಬುತ್ತಿಯನ್ನು ಇಡೀ ಕ್ಲಾಸು ನೋಡುತ್ತದೆ. ತಾಯಿ ಎಷ್ಟು ತಾಯಿ ಅಂತ ಊರು ಅಳೆಯುವುದು ಅದರಲ್ಲೇ. ಅಕಿಕೊ ಇದಕ್ಕಿಂತ ಮುಂದೆ ಹೋಗುತ್ತಾಳೆ. ಪೋಷಕರ ಸಂಘ ಯಾಕೆ ಬೇಕು ಅಂತ ಪ್ರಶ್ನೆ ಹಾಕಿ, ಉಳಿದ ಅಮ್ಮಂದಿರ ಸಿಟ್ಟಿಗೆ ಗುರಿಯಾಗಿ, ಕ್ರೀಡಾದಿನದ ಜವಾಬ್ದಾರಿಯನ್ನೇ ಮೈಮೇಲೆ ಎಳೆದುಕೊಳ್ಳುತ್ತಾಳೆ. ಮಗಳಿಗೆ ಮೊದಲು ನಾಚಿಕೆ. ಆಮೇಲೆ ಅರ್ಥವಾಗುತ್ತದೆ, ಈಕೆ ತನಗೋಸ್ಕರ ಊರಿನ ಎದುರು ನಿಲ್ಲುವವಳು.

ಎಲ್ಲಕ್ಕಿಂತ ದೊಡ್ಡದು ಕರೆಯುವ ಮಾತು. ನಮ್ಮಲ್ಲಿ ಮಲತಾಯಿಯನ್ನು ‘ಚಿಕ್ಕಮ್ಮ’ ಅಂದು ಎಷ್ಟೋ ಮಕ್ಕಳು ಪಾರಾಗುತ್ತಾರೆ. ಅಮ್ಮ ಅಂದ ಹಾಗೂ ಆಯಿತು, ಅಮ್ಮನ ಜಾಗ ಕೊಡದ ಹಾಗೂ ಆಯಿತು. ಜಪಾನಿಯಲ್ಲಿ ಹಾಗೆ ಆಸರೆಯಾಗುವ ನಡುವಿನ ಮಾತು ಸುಲಭಕ್ಕೆ ಇಲ್ಲ. ಒಂದೋ ಹೆಸರಿನ ಕೊನೆಗೆ ‘ಸಾನ್’ ಹಚ್ಚಿ ಹೊರಗಿನವರ ಹಾಗೆ ಕರೆಯಬೇಕು, ಇಲ್ಲ ‘ಒಕಾಸಾನ್’ ಅನ್ನಬೇಕು, ಅಮ್ಮ ಅಂತ. ಹೀಗಾಗಿ ಆ ‘ಒಕಾಸಾನ್’ ಯಾವ ಕಂತಿನಲ್ಲಿ ಬಾಯಿಂದ ಬೀಳುತ್ತದೆ ಅಂತ ನೋಡುವವರು ಉಸಿರು ಹಿಡಿದು ಕಾಯುತ್ತಾರೆ.

ಈ ಕಾಯುವಿಕೆಯನ್ನು ‘ಮಿತಾ’ ತಲೆಕೆಳಗು ಮಾಡಿತು. ಮನೆಗೆಲಸಕ್ಕೆ ಬಂದ ಮಿತಾ ನಗುವುದೇ ಇಲ್ಲ, ಏನು ಹೇಳಿದರೂ ‘ಆಗಲಿ’ ಅಂತ ಮಾಡುತ್ತಾಳೆ. ನನಾಕೊ ಮತ್ಸುಶಿಮಾ ಆ ಪಾತ್ರ ಮಾಡಿದ್ದು. ತಾಯಿಯಿಲ್ಲದ ಮಕ್ಕಳು ಕೊನೆಗೆ ಅವಳನ್ನೇ ಅಮ್ಮ ಆಗು ಅಂತ ಕೇಳುತ್ತಾರೆ. ನಿಮ್ಮ ಅಮ್ಮ ತೀರಿಕೊಂಡ ಅಮ್ಮ ಒಬ್ಬಳೇ ಅನ್ನುವುದನ್ನು ಅವರಿಗೆ ಮನಸ್ಸಿಗೆ ತಟ್ಟುವ ಹಾಗೆ ತಿಳಿಸಿ ಅವಳು ಹೊರಟುಹೋಗುತ್ತಾಳೆ. 2011ರ ಡಿಸೆಂಬರಿನಲ್ಲಿ ಬಂದ ಆ ಕೊನೆಯ ಕಂತಿಗೆ 40 ಪರ್ಸೆಂಟ್ ರೇಟಿಂಗ್. ದೇಶಕ್ಕೆ ದೇಶವೇ ಕೂತು, ಒಬ್ಬಳು ತಾಯಿಯ ಕುರ್ಚಿ ಬೇಡ ಅಂದು ಎದ್ದು ಹೋಗುವುದನ್ನು ನೋಡಿತು. ಒಳ್ಳೆಯತನ ಇತ್ತು, ಪ್ರೀತಿ ಇತ್ತು, ಆದರೂ ಕುರ್ಚಿ ಒಂದೇ ಅನ್ನುವ ಲೆಕ್ಕ ಮುರಿಯಲಿಲ್ಲ.

‘ಗಿಬೊ’ ಅದನ್ನು ಸ್ವಲ್ಪ ಅಲುಗಾಡಿಸಿತು. ಹೊಟ್ಟೆಯ ಕ್ಯಾನ್ಸರ್ ಬಂದ ಅಪ್ಪ ತಾನು ಸತ್ತರೆ ಮಗಳಿಗೆ ಯಾರು ಅಂತ ಯೋಚಿಸಿ ಅಕಿಕೊಳನ್ನು ಮದುವೆಗೆ ಕೇಳಿದ್ದು. ಶುರುವಿನಲ್ಲಿ ಅದು ಒಪ್ಪಂದ, ಪ್ರೀತಿ ಆಮೇಲೆ ಬಂತು. ಕಥೆಯ ಅರ್ಧಕ್ಕೇ ಅಪ್ಪ ಸಾಯುತ್ತಾನೆ. ಉಳಿಯುವುದು ರಕ್ತಸಂಬಂಧ ಇಲ್ಲದ ಇಬ್ಬರು. ಅಲ್ಲಿಂದ ಒಂಬತ್ತು ವರ್ಷ ಮುಂದಕ್ಕೆ ಹಾರಿ, ಹೈಸ್ಕೂಲಿನ ಮಿಯುಕಿಯನ್ನು ತೋರಿಸುತ್ತಾರೆ. ಕೊನೆಗೆ ಅಕಿಕೊ ಒಂದು ತಪ್ಪೊಪ್ಪಿಗೆ ಮಾಡುತ್ತಾಳೆ. ಅವಳೂ ಚಿಕ್ಕಂದಿನಲ್ಲೇ ಅಪ್ಪ ಅಮ್ಮನನ್ನು ಕಳೆದುಕೊಂಡವಳು. ನಿನ್ನನ್ನು ಸಾಕಿದ್ದು ನಿನಗೋಸ್ಕರ ಅಲ್ಲ, ಆ ಚಿಕ್ಕ ನನಗೋಸ್ಕರ, ಇದೆಲ್ಲ ನನ್ನ ಸ್ವಾರ್ಥ ಅನ್ನುತ್ತಾಳೆ. ಮಗಳು ರೇಗುತ್ತಾಳೆ. ಲೋಕದಲ್ಲಿ ಅದಕ್ಕೆ ಪ್ರೀತಿ ಅಂತಾರೆ ಅನ್ನುವುದು ಅವಳ ಉತ್ತರ. ಹತ್ತು ವರ್ಷದ ಹಿಂದಿನ ಆ ಅರ್ಜಿಗೆ ಉತ್ತರ ಸಿಕ್ಕ ಹಾಗೆ ನನಗೆ ಕೇಳಿಸಿತು.

ಇಷ್ಟಾದರೂ ಒಂದು ಪ್ರಶ್ನೆ ಯಾರೂ ಕೇಳಿರಲಿಲ್ಲ. ಮಲತಾಯಿ ಆಗಲು ಆ ಹೆಂಗಸಿಗೆ ಇಷ್ಟ ಇದೆಯಾ? ಒಳ್ಳೆಯ ಮಲತಾಯಿಯ ಕಥೆಯಲ್ಲೂ ಒಂದು ಒತ್ತಾಯ ಅಡಗಿರುತ್ತದೆ. ಒಳ್ಳೆಯವಳಾದರೆ ಒಪ್ಪಲೇಬೇಕು, ಒಪ್ಪದಿದ್ದರೆ ಮತ್ತೆ ಹಳೆಯ ಕಥೆಯ ಕೆಟ್ಟವಳು. 2024ರಲ್ಲಿ ಫುಜಿ ಟಿವಿಯ ‘ಉಮಿ ನೊ ಹಜಿಮಾರಿ’ ಕೈ ಹಾಕಿದ್ದು ಇಲ್ಲಿಗೆ. ಬರೆದವರು ಮಿಕು ಉಬುಕಾತಾ.

ನತ್ಸು ಅನ್ನುವ ಹುಡುಗ ಕಾಲೇಜು ದಿನಗಳ ಗೆಳತಿ ಮಿಜುಕಿಯ ಅಂತ್ಯಕ್ರಿಯೆಗೆ ಹೋಗುತ್ತಾನೆ. ಅಲ್ಲಿ ಉಮಿ ಅನ್ನುವ ಪುಟ್ಟ ಹುಡುಗಿ ತನ್ನ ಮಗಳು ಅಂತ ಗೊತ್ತಾಗುತ್ತದೆ. ಅವನಿಗೆ ಈಗ ಯಾಯೋಯಿ ಅನ್ನುವ ಪ್ರೇಯಸಿ ಇದ್ದಾಳೆ. ಇಲ್ಲೂ ತಾಯಿ ಸತ್ತಿದ್ದಾಳೆ, ಕುರ್ಚಿ ಖಾಲಿ ಇದೆ, ಒಳ್ಳೆಯ ಹೆಂಗಸು ಎದುರಿಗೇ ನಿಂತಿದ್ದಾಳೆ. ನತ್ಸುವಿನ ಮನೆಯೂ ಮರುಮದುವೆಯಿಂದ ಕೂಡಿಕೊಂಡದ್ದು. ಅಮ್ಮ ಅವನದು, ಅಪ್ಪ ತಮ್ಮನದು, ಅಣ್ಣತಮ್ಮಂದಿರಿಗೆ ರಕ್ತಸಂಬಂಧವೇ ಇಲ್ಲ. ಆದರೂ ಆ ಮನೆಯಲ್ಲಿ ಹಾಯಾಗಿ ಮಾತಾಡುತ್ತಾರೆ, ತಮಾಷೆ ಮಾಡುತ್ತಾರೆ. ಹಾಗಾಗಿ ಯಾಯೋಯಿಯೂ ಸೇರಿಕೊಳ್ಳುತ್ತಾಳೆ ಅಂತಲೇ ನಾವು ಕಾಯುತ್ತೇವೆ. ಅವಳೂ ಪ್ರಯತ್ನ ಮಾಡುತ್ತಾಳೆ, ಮನಸಾರೆ. ಉಮಿಯ ಮೇಲೆ ಅವಳಿಗೆ ಪ್ರೀತಿ ಇರುವುದು ಸುಳ್ಳಲ್ಲ. ಆದರೆ ನತ್ಸು ಮತ್ತು ಉಮಿಯ ಮಧ್ಯೆ ಮಿಜುಕಿಯ ನೆನಪು ಎಷ್ಟು ಇದೆ ಅಂತ ದಿನಾ ನೋಡುತ್ತಾ ಅವಳಿಗೆ ಉಸಿರು ಕಟ್ಟುತ್ತದೆ.

ಮಿಜುಕಿ ಸಾಯುವ ಮೊದಲು ಒಂದು ಪತ್ರ ಬರೆದಿಟ್ಟಿದ್ದಾಳೆ. ಲಕೋಟೆಯ ಮೇಲೆ ಇರುವುದು ‘ನತ್ಸುವಿನ ಪ್ರೇಯಸಿಗೆ’ ಅಂತ. ಯಾರು ಅಂತ ಅವಳಿಗೆ ಗೊತ್ತಿರಲಿಲ್ಲ. ಮಗಳನ್ನು ನೋಡಿಕೋ ಅಂತ ಬರೆದಿರಬಹುದು ಅಂತ ನಾವು ಅಂದುಕೊಳ್ಳುತ್ತೇವೆ. ಪತ್ರ ಹೇಳುವುದು ಬೇರೆ. ಬೇರೆಯವರಿಗೋಸ್ಕರ ಅತಿಯಾಗಿ ಒಳ್ಳೆಯವಳಾಗಬೇಡ, ಎಲ್ಲ ಅರ್ಥ ಮಾಡಿಕೊಳ್ಳುವವಳಾಗಿ ಬದುಕಬೇಡ, ನಿನಗೆ ಸರಿ ಅನ್ನಿಸಿದ್ದನ್ನು ಆರಿಸಿಕೋ ಅನ್ನುವ ಅರ್ಥದ ಮಾತುಗಳು.

ಬೋಗುಣಿಯ ಕಥೆಯಲ್ಲಿ ಸತ್ತ ತಾಯಿ ಮಗಳನ್ನು ಮಲತಾಯಿಯಿಂದ ಕಾಪಾಡಿದಳು. ಇಲ್ಲಿ ಸತ್ತ ತಾಯಿ ಕೈ ಚಾಚಿದ್ದು ಮಲತಾಯಿ ಆಗಬೇಕಿದ್ದವಳನ್ನು ಕಾಪಾಡಲು.

ಯಾಯೋಯಿ ಆಗುವುದಿಲ್ಲ ಅನ್ನುತ್ತಾಳೆ, ನತ್ಸುವಿನಿಂದ ದೂರವಾಗುತ್ತಾಳೆ. ಅದಕ್ಕೆ ಡ್ರಾಮಾ ಅವಳನ್ನು ಶಿಕ್ಷಿಸುವುದಿಲ್ಲ. ಉಮಿಯ ಜೀವನದಿಂದ ಅವಳು ಪೂರ್ತಿ ಮರೆಯಾಗುವುದೂ ಇಲ್ಲ. ಅಪ್ಪನನ್ನೇ ‘ನತ್ಸು-ಕುನ್’ ಅಂತ ಹೆಸರು ಹಿಡಿದು ಕರೆಯುವ ಆ ಹುಡುಗಿಗೆ ಇವಳು ಮೊದಲ ದಿನಗಳಲ್ಲಿ ‘ಯಾಯೋಯಿ-ಚಾನ್’, ಹೆಸರಿಗೆ ಸಲಿಗೆಯ ‘ಚಾನ್’ ಸೇರಿಸಿ. ಆಮೇಲೂ ಯಾಯೋಯಿ-ಚಾನ್.